ಹೆಚ್ಚಿಟ್ಟ ಈರುಳ್ಳಿ ವಿಷವಾಗುತ್ತದೆಯೇ? ಈರುಳ್ಳಿ-ಚೀಸ್ ಟೋಸ್ಟ್ ಮಾಡುವವರು ಎಚ್ಚರ ವಹಿಸಬೇಕಾದದ್ದು ಬೇರೆ ಕಡೆ

ಹೆಚ್ಚಿದ ಈರುಳ್ಳಿಯನ್ನು ರಾತ್ರಿ ಇಟ್ಟು ಮರುದಿನ ತಿಂದರೆ ಅದು ವಿಷ, ಗಾಳಿಯಲ್ಲಿರುವ ಬ್ಯಾಕ್ಟೀರಿಯಾಗಳನ್ನೆಲ್ಲ ಅದು ಹೀರಿಕೊಂಡಿರುತ್ತದೆ ಎನ್ನುವ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ವರ್ಷಗಳಿಂದ ಸುತ್ತುತ್ತಿದೆ. ಅದೇ ಫೋನಿಗೆ ಬರುವ ಇನ್ನೊಂದು ಬಗೆಯ ವಿಡಿಯೊ ನಿಮಗೂ ಬಂದಿರಬಹುದು: ಕಂದು ಬಣ್ಣಕ್ಕೆ ತಿರುಗಿದ ಸಿಹಿ ಈರುಳ್ಳಿ, ಮೇಲೆ ಕರಗಿದ ಚೀಸ್, ಕೆಳಗೆ ಗರಿಗರಿ ಬ್ರೆಡ್. ಹತ್ತೇ ನಿಮಿಷದಲ್ಲಿ ರೆಡಿ, ಉಳಿದ ಈರುಳ್ಳಿಯನ್ನು ಬಾಟಲಿಯಲ್ಲಿ ಎಣ್ಣೆ ಸುರಿದು ಇಟ್ಟುಕೊಳ್ಳಿ ಎಂಬ ಸಲಹೆ ಬೇರೆ. ಮೊದಲನೆಯದು ಹೆದರಿಸುತ್ತದೆ, ಎರಡನೆಯದು ಆಸೆ ಹುಟ್ಟಿಸುತ್ತದೆ. ನಾವು ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದಾಗ ಕಂಡದ್ದೇನೆಂದರೆ, ಅಪಾಯವಿರುವುದು ಎರಡನೆಯದರ ಕೊನೆಯ ಸಲಹೆಯಲ್ಲಿ.

ಕುಂದಗೋಳ ತಾಲ್ಲೂಕಿನ ಗುಡಗೇರಿಯಂಥ ಊರಿನಲ್ಲಿ ಇದು ಬರೀ ತಿಂಡಿಯ ಮಾತಲ್ಲ. ಸುತ್ತಲಿನ ಎರೆ ಹೊಲಗಳಲ್ಲಿ ಮೆಣಸಿನಕಾಯಿ, ಹತ್ತಿ, ಶೇಂಗಾ ಜೊತೆಗೆ ಉಳ್ಳಾಗಡ್ಡಿಯೂ ಬೆಳೆ. ಮುಂಗಾರಿ ಗಡ್ಡೆ ಕೀಳುವ ಹೊತ್ತಿಗೆ ಮಳೆ ಹಿಡಿದರೆ ಮನೆಯ ಮೂಲೆಯಲ್ಲಿ ಹರಡಿದ ರಾಶಿಯಲ್ಲಿ ಅರ್ಧ ಕಪ್ಪಾಗುತ್ತದೆ. ದರ ಬಿದ್ದ ವರ್ಷ ಮಾರಲೂ ಆಗದು, ಇಡಲೂ ಆಗದು. ಅಂಥ ಮನೆಯಲ್ಲಿ ಸುಳ್ಳು ಸಂದೇಶ ನಂಬಿ ಒಳ್ಳೆಯ ಗಡ್ಡೆಯನ್ನು ತಿಪ್ಪೆಗೆ ಎಸೆಯುವುದು ನಷ್ಟವೇ.

ಹಸಿ ಈರುಳ್ಳಿ ಬ್ಯಾಕ್ಟೀರಿಯಾ ಎಳೆಯುವ ಅಯಸ್ಕಾಂತವಲ್ಲ

ಬ್ಯಾಕ್ಟೀರಿಯಾಗಳು ಗಾಳಿಯಲ್ಲಿ ಹಾರಿ ಈರುಳ್ಳಿಯನ್ನು ಹುಡುಕಿಕೊಂಡು ಬರುವುದಿಲ್ಲ. ಹೆಚ್ಚಿದ ಯಾವುದೇ ತರಕಾರಿಗೆ ಅವು ತಗಲುವುದು ಚಾಕು, ಮಣೆ, ಕೈ ಮತ್ತು ನೀರಿನಿಂದ. ಈರುಳ್ಳಿ ಕತ್ತರಿಸಿದಾಗ ಕಣ್ಣುರಿಸುವ ಗಂಧಕದ ಸಂಯುಕ್ತಗಳು ಹುಟ್ಟುತ್ತವಲ್ಲ, ಅವು ಸೂಕ್ಷ್ಮಜೀವಿಗಳಿಗೂ ಅಷ್ಟು ಹಿತವಲ್ಲ. ಹಾಗಂತ ಈರುಳ್ಳಿ ಔಷಧವೂ ಅಲ್ಲ. 1919ರ ಇನ್‌ಫ್ಲುಯೆಂಜಾ ಕಾಲದಲ್ಲಿ ಕೋಣೆ ಕೋಣೆಗೆ ಈರುಳ್ಳಿ ಇಟ್ಟ ರೈತನ ಮನೆಗೆ ರೋಗವೇ ಬರಲಿಲ್ಲ ಎಂಬ ಕಥೆಯೂ ಇದೇ ಸಂದೇಶದ ಬಾಲವಾಗಿ ಬರುತ್ತದೆ. ಅದಕ್ಕೆ ಯಾವ ಪುರಾವೆಯೂ ಇಲ್ಲ. ಆ ರೋಗ ಹರಡುವುದು ಮುಖ್ಯವಾಗಿ ಕೆಮ್ಮು, ಸೀನಿನ ಹನಿಗಳಿಂದ.

ಹೆಚ್ಚಿದ ಈರುಳ್ಳಿಯನ್ನು ಮುಚ್ಚಿದ ಡಬ್ಬಿಯಲ್ಲಿ ಫ್ರಿಜ್ಜಿನಲ್ಲಿಟ್ಟರೆ ನಾಲ್ಕೈದು ದಿನ ಬಳಸಬಹುದು. ಫ್ರಿಜ್ ಇಲ್ಲವೆಂದರೆ ಅಂದೇ ಮುಗಿಸಿ. ಲೋಳೆಯಾಗಿದ್ದರೆ, ಕೆಟ್ಟ ವಾಸನೆ ಬಂದರೆ ಬಿಡಿ.

ಕಪ್ಪು ಪುಡಿಯ ಬಗ್ಗೆಯೂ ಒಂದು ಮಾತು. 2021ರಲ್ಲಿ ಕೊರೊನಾ ಎರಡನೇ ಅಲೆಯ ನಡುವೆ, ಈರುಳ್ಳಿ ಸಿಪ್ಪೆಯ ಮೇಲಿನ ಕಪ್ಪು ಬೂಷ್ಟಿನಿಂದಲೇ ‘ಬ್ಲ್ಯಾಕ್ ಫಂಗಸ್’ ಬರುತ್ತದೆ ಎಂದು ಹಂಚಿಕೊಂಡಿದ್ದರು. ಅದು ತಪ್ಪು. ಈರುಳ್ಳಿಯ ಮೇಲೆ ಸಾಮಾನ್ಯವಾಗಿ ಕಾಣುವುದು ಆಸ್ಪರ್‌ಜಿಲ್ಲಸ್ ನೈಜರ್ ಎಂಬ ಬೂಷ್ಟು. ಬ್ಲ್ಯಾಕ್ ಫಂಗಸ್ ಎನ್ನಿಸಿಕೊಂಡ ಮ್ಯೂಕರ್‌ಮೈಕೋಸಿಸ್ ಬರುವುದು ಬೇರೆಯೇ ಗುಂಪಿನ ಶಿಲೀಂಧ್ರಗಳಿಂದ. ಕಪ್ಪು ಹೊರಪದರದಲ್ಲಷ್ಟೇ ಇದ್ದರೆ ಆ ಪದರ ಸುಲಿದು, ತೊಳೆದು ಬಳಸಿ. ಒಳಗೆ ಮೆತ್ತಗಾಗಿದ್ದರೆ ಎಸೆಯಿರಿ. ಬೂಷ್ಟಿನ ಅಲರ್ಜಿ, ಉಬ್ಬಸ ಇರುವವರು ಅಂಥ ರಾಶಿ ಆರಿಸುವ ಕೆಲಸದಿಂದ ದೂರ ಇರುವುದು ಮೇಲು.

ಹತ್ತು ನಿಮಿಷದಲ್ಲಿ ಆಗುವುದೇ?

ಆಗುವುದಿಲ್ಲ. ಈರುಳ್ಳಿಯ ತೂಕದಲ್ಲಿ ನೂರಕ್ಕೆ ಸುಮಾರು 89 ಪಾಲು ನೀರು. ಬಾಣಲೆಯಲ್ಲಿ ಈ ನೀರು ಇರುವವರೆಗೂ ಈರುಳ್ಳಿಯ ಉಷ್ಣತೆ 100 ಡಿಗ್ರಿಯ ಆಸುಪಾಸಿನಲ್ಲೇ ನಿಲ್ಲುತ್ತದೆ. ಕಂದು ಬಣ್ಣ, ಘಮ ಬರಬೇಕಾದರೆ ಅದಕ್ಕಿಂತ ಮೇಲೇರಬೇಕು. ಆಗ ಎರಡು ಕೆಲಸ ಒಟ್ಟಿಗೆ ನಡೆಯುತ್ತವೆ. ಒಂದು, ಸಕ್ಕರೆಯೇ ಕಾದು ಬಣ್ಣ ತಿರುಗುವುದು, ಅಂದರೆ ಕ್ಯಾರಮಲೈಸ್ ಆಗುವುದು. ಇನ್ನೊಂದು, ಸಕ್ಕರೆ ಮತ್ತು ಅಮೈನೊ ಆಮ್ಲಗಳು ಕೂಡಿ ಹೊಸ ರುಚಿ ಹುಟ್ಟಿಸುವುದು. ಇದನ್ನು 1912ರಲ್ಲಿ ವಿವರಿಸಿದ ಫ್ರೆಂಚ್ ವಿಜ್ಞಾನಿ ಲೂಯಿ ಕಮೀಲ್ ಮಯ್ಯಾರ್ ಹೆಸರಿನಿಂದಲೇ ಕರೆಯುತ್ತಾರೆ. ಬ್ರೆಡ್ ಕೆಂಪಗಾಗುವುದೂ ಇದರಿಂದಲೇ, ರೊಟ್ಟಿಯ ಮೇಲಿನ ಕಂದು ಚುಕ್ಕೆಯೂ ಇದರದೇ.

ಈರುಳ್ಳಿ ಸಿಹಿಯಾಗುವುದಕ್ಕೆ ಮೇಲೆ ಸಕ್ಕರೆ ಉದುರಿಸಬೇಕಿಲ್ಲ. ಅದರಲ್ಲೇ ಸಕ್ಕರೆ ಇದೆ. ಹಸಿಯಾಗಿದ್ದಾಗ ಖಾರ ಅದನ್ನು ಮುಚ್ಚಿಡುತ್ತದೆ. ಕಾಯಿಸಿದಾಗ ಖಾರದ ಸಂಯುಕ್ತಗಳು ಹಾರಿಹೋಗಿ, ನೀರು ಆವಿಯಾಗಿ, ಉಳಿದದ್ದು ಗಟ್ಟಿಯಾಗುತ್ತದೆ.

ಅರ್ಧ ಕೆಜಿ ಈರುಳ್ಳಿಯನ್ನು ಒಂದೇ ದಪ್ಪಕ್ಕೆ ಉದ್ದುದ್ದ ಹೆಚ್ಚಿ. ದಪ್ಪ ತಳದ ಬಾಣಲೆಯಲ್ಲಿ ಎರಡು ಚಮಚ ಎಣ್ಣೆ ಅಥವಾ ತುಪ್ಪ, ಚಿಟಿಕೆ ಉಪ್ಪು. ಉಪ್ಪು ನೀರನ್ನು ಬೇಗ ಹೊರಗೆಳೆಯುತ್ತದೆ. ಮೊದಲ ಹತ್ತು ನಿಮಿಷ ಮಧ್ಯಮ ಉರಿ, ಆಮೇಲೆ ಸಣ್ಣ ಉರಿ. ತಳ ಹಿಡಿಯುತ್ತಿದೆ ಅನ್ನಿಸಿದಾಗಲೆಲ್ಲ ಒಂದು ಚಮಚ ನೀರು ಹಾಕಿ ಕೆರೆದು ಬೆರೆಸಿ. ಆ ತಳದ ಕಂದಿನಲ್ಲೇ ರುಚಿ ಇರುವುದು. ನಲವತ್ತರಿಂದ ಐವತ್ತು ನಿಮಿಷಕ್ಕೆ ಬಣ್ಣ ಬೆಲ್ಲದಂತಾಗುತ್ತದೆ, ರಾಶಿ ಕಾಲು ಭಾಗಕ್ಕಿಳಿಯುತ್ತದೆ. ಚಿಟಿಕೆ ಅಡುಗೆ ಸೋಡಾ ಹಾಕಿದರೆ ಬಣ್ಣ ಬೇಗ ಬರುವುದು ನಿಜ, ಆದರೆ ಎಳೆ ಉಳಿಯದೆ ಮುದ್ದೆಯಾಗುತ್ತದೆ. ನಮಗಂತೂ ಅದು ಹಿಡಿಸಲಿಲ್ಲ. ಹತ್ತು ನಿಮಿಷದ ವಿಡಿಯೊದಲ್ಲಿ ಕಾಣುವುದು ಅಂಚು ಸುಟ್ಟು ಒಳಗೆ ಹಸಿ ಉಳಿದ ಈರುಳ್ಳಿ, ಇಲ್ಲವೇ ನಡುವೆ ಕತ್ತರಿ ಹಾಕಿದ ವಿಡಿಯೊ.

ಹೀಗೆ ಮುಕ್ಕಾಲು ಗಂಟೆ ನಿಂತು ಮಾಡಿದ್ದನ್ನು ಯಾರೂ ಸ್ವಲ್ಪವೇ ಮಾಡುವುದಿಲ್ಲ. ಸೀಮಂತಕ್ಕೋ ಹುಟ್ಟುಹಬ್ಬಕ್ಕೋ ಜನ ಬರುವವರಿದ್ದರೆ ಬೆಳಿಗ್ಗೆಯೇ ಎರಡು ಕೆಜಿ ಮಾಡಿಟ್ಟು ಸಂಜೆ ಬ್ರೆಡ್ಡಿಗೆ ಹಚ್ಚೋಣ ಅನ್ನಿಸುವುದು ಸಹಜ. ತೊಂದರೆ ಶುರುವಾಗುವುದು ಆ ನಡುವಿನ ಹೊತ್ತಿನಲ್ಲಿ.

ಪಿಯೋರಿಯಾದಲ್ಲಿ ಆದದ್ದು

1983ರ ಅಕ್ಟೋಬರ್‌ನಲ್ಲಿ ಅಮೆರಿಕದ ಇಲಿನಾಯ್ ರಾಜ್ಯದ ಪಿಯೋರಿಯಾ ನಗರದಲ್ಲಿ 28 ಮಂದಿ ಬೊಟುಲಿಸಂ ಎಂಬ ವಿಷಬಾಧೆಯಿಂದ ಆಸ್ಪತ್ರೆ ಸೇರಿದರು. ಅವರಲ್ಲಿ 12 ಮಂದಿಗೆ ವೆಂಟಿಲೇಟರ್ ಬೇಕಾಯಿತು. ಹುಡುಕುತ್ತಾ ಹೋದಾಗ ತನಿಖೆ ನಿಂತದ್ದು ಒಂದು ರೆಸ್ಟೋರೆಂಟಿನ ಸ್ಯಾಂಡ್‌ವಿಚ್ ಮೇಲೆ: ಕಾಯಿಸಿದ ಬ್ರೆಡ್, ಚೀಸ್, ಮಾಂಸದ ಪ್ಯಾಟಿ, ಜೊತೆಗೆ ಹುರಿದ ಈರುಳ್ಳಿ. ತಪ್ಪಿದ್ದದ್ದು ಮಾಂಸದಲ್ಲೂ ಅಲ್ಲ, ಚೀಸ್‌ನಲ್ಲೂ ಅಲ್ಲ, ಈರುಳ್ಳಿಯಲ್ಲಿ. ಅದನ್ನು ಹುರಿದು, ಕರಗಿದ ಮಾರ್ಗರಿನ್‌ನಲ್ಲಿ ಮುಳುಗಿಸಿ, ಬೆಚ್ಚಗಿನ ಜಾಗದಲ್ಲಿಟ್ಟು, ಬೇಕಾದಾಗ ಮತ್ತೆ ಕುದಿಯುವಷ್ಟು ಕಾಯಿಸದೆ ತೆಗೆದು ಬಡಿಸುತ್ತಿದ್ದರು. 1985ರಲ್ಲಿ ಇದರ ವರದಿ ಅಮೆರಿಕದ ವೈದ್ಯಕೀಯ ಸಂಘದ ಪತ್ರಿಕೆಯಲ್ಲಿ ಬಂತು. ಅದೇ 1985ರಲ್ಲಿ ಕೆನಡಾದ ವ್ಯಾಂಕೂವರ್‌ನಲ್ಲಿ 36 ಮಂದಿಗೆ ಇದೇ ಕಾಯಿಲೆ ಬಂದದ್ದು ಎಣ್ಣೆಯಲ್ಲಿಟ್ಟ ಬೆಳ್ಳುಳ್ಳಿಯಿಂದ. ಬಾಟಲಿಯನ್ನು ಫ್ರಿಜ್ಜಿನಲ್ಲಿ ಇಟ್ಟಿರಲಿಲ್ಲ.

ಕಾರಣ ಸರಳ. ಕ್ಲಾಸ್ಟ್ರಿಡಿಯಂ ಬೊಟುಲಿನಂ ಎಂಬ ಬ್ಯಾಕ್ಟೀರಿಯಾದ ಬೀಜಕಗಳು ಮಣ್ಣಿನಲ್ಲಿರುತ್ತವೆ. ಈರುಳ್ಳಿ, ಬೆಳ್ಳುಳ್ಳಿ ಮಣ್ಣಿನೊಳಗೇ ಬೆಳೆಯುವವು. ಈ ಬೀಜಕಗಳು ನಮ್ಮ ಬಾಣಲೆಯ ಕಾವಿಗೆ ಸಾಯುವುದಿಲ್ಲ. ಕಚ್ಚಾ ಈರುಳ್ಳಿಯಲ್ಲಿ ಅವು ಸುಮ್ಮನೆ ಮಲಗಿರುತ್ತವೆ, ಏಕೆಂದರೆ ಗಾಳಿಯಲ್ಲಿನ ಆಮ್ಲಜನಕ ಅವಕ್ಕೆ ಆಗದು. ಹುರಿದು ಎಣ್ಣೆ, ತುಪ್ಪ, ಬೆಣ್ಣೆಯಲ್ಲಿ ಮುಳುಗಿಸಿದರೆ ಗಾಳಿ ತಪ್ಪುತ್ತದೆ. ಹುಳಿ ಇಲ್ಲ, ತೇವ ಇದೆ, ಜೊತೆಗೆ ಹದವಾದ ಬಿಸಿ. ಆಗ ಅವು ಮೊಳೆತು ನರಗಳನ್ನು ಕಟ್ಟಿಹಾಕುವ ವಿಷ ಉಂಟುಮಾಡುತ್ತವೆ. ಇದು ವಾಸನೆಯಲ್ಲೋ ರುಚಿಯಲ್ಲೋ ಗೊತ್ತಾಗಲೇಬೇಕೆಂದಿಲ್ಲ. ಕೆಂಡ ಆರದ ಒಲೆಯ ಮೇಲೆ ಸಂಜೆತನಕ ಮುಚ್ಚಿಟ್ಟ ಪಾತ್ರೆ ನಮ್ಮ ಹಳ್ಳಿಮನೆಗಳಲ್ಲಿ ಹೊಸದೇನಲ್ಲ. ಈ ಬ್ಯಾಕ್ಟೀರಿಯಾಕ್ಕೆ ಬೇಕಾದದ್ದೂ ಅಂಥದೇ ಬೆಚ್ಚನೆ ಜಾಗ.

ಉಪ್ಪಿನಕಾಯಿಯನ್ನೂ ಎಣ್ಣೆಯಲ್ಲೇ ಇಡುತ್ತೇವಲ್ಲ ಎಂದು ಕೇಳಬಹುದು. ಉಪ್ಪಿನಕಾಯಿಯಲ್ಲಿ ಹುಳಿಯೂ ಉಪ್ಪೂ ಬಲವಾಗಿರುತ್ತವೆ. ಹುರಿದ ಈರುಳ್ಳಿಯಲ್ಲಿ ಎರಡೂ ಇಲ್ಲ, ನಾಲ್ಕು ಹನಿ ನಿಂಬೆರಸದಿಂದ ಅದು ಉಪ್ಪಿನಕಾಯಿ ಆಗುವುದಿಲ್ಲ.

ಹೆದರಿಸುವುದು ನಮ್ಮ ಉದ್ದೇಶವಲ್ಲ, ಬೊಟುಲಿಸಂ ಅಪರೂಪದ ಕಾಯಿಲೆ. ಆದರೆ ಬಂದರೆ ಕಾಯುವ ಹೊತ್ತಲ್ಲ. ಸಾಮಾನ್ಯವಾಗಿ ತಿಂದ 12ರಿಂದ 36 ಗಂಟೆಗಳಲ್ಲಿ ಎರಡೆರಡಾಗಿ ಕಾಣುವುದು, ರೆಪ್ಪೆ ಜೋಲುವುದು, ಬಾಯಿ ಒಣಗುವುದು, ಮಾತು ತೊದಲುವುದು, ನುಂಗಲಾಗದಿರುವುದು ಕಂಡುಬಂದರೆ ವಾಂತಿ-ಭೇದಿ ಇಲ್ಲವೆಂದು ಸುಮ್ಮನಿರಬೇಡಿ. 108ಕ್ಕೆ ಕರೆ ಮಾಡಿ ದೊಡ್ಡ ಆಸ್ಪತ್ರೆಗೆ ಹೋಗಿ, ಏನು ತಿಂದಿದ್ದಿರಿ ಎಂದು ಹೇಳಿ. ಇದಕ್ಕೆ ಪ್ರತಿವಿಷ ಇದೆ, ಬೇಗ ಕೊಟ್ಟಷ್ಟೂ ಒಳ್ಳೆಯದು.

ಹಾಗಾದರೆ ಬೆಳಿಗ್ಗೆ ಮಾಡಿ ಸಂಜೆ ಬಡಿಸುವುದು ಹೇಗೆ

ಈರುಳ್ಳಿ ಕಂದಾದ ಮೇಲೆ ಅಗಲವಾದ ತಟ್ಟೆಯಲ್ಲಿ ಹರಡಿ ಬೇಗ ಆರಿಸಿ. ಹೆಚ್ಚಿನ ಎಣ್ಣೆ ಬಸಿದು, ಎರಡು ಗಂಟೆಯೊಳಗೆ ಮುಚ್ಚಿದ ಡಬ್ಬಿಯಲ್ಲಿ ಫ್ರಿಜ್ಜಿಗೆ ಸೇರಿಸಿ. ಮೂರ್ನಾಲ್ಕು ದಿನದಲ್ಲಿ ಮುಗಿಸಿ. ತಾಸುಗಟ್ಟಲೆ ಕರೆಂಟ್ ಹೋಗುವ ಊರಾದರೆ ಅಂದಂದಿಗೆ ಬೇಕಾದಷ್ಟೇ ಮಾಡುವುದು ಲೇಸು. ಬಡಿಸುವ ಮುಂಚೆ ಬಾಣಲೆಗೆ ಹಾಕಿ, ಎರಡು ಚಮಚ ನೀರಿನೊಂದಿಗೆ ಹಬೆ ಬರುವಂತೆ ಐದಾರು ನಿಮಿಷ ಚೆನ್ನಾಗಿ ಕಾಯಿಸಿ. 85 ಡಿಗ್ರಿ ದಾಟಿ ಐದು ನಿಮಿಷ ಕಾದರೆ ಈ ವಿಷ ನಾಶವಾಗುತ್ತದೆ, ಬೀಜಕ ಮಾತ್ರ ಉಳಿದಿರುತ್ತದೆ. ಹಾಗಾಗಿ ಕಾಯಿಸಿದ್ದನ್ನು ಮತ್ತೆ ಎತ್ತಿಡಬೇಡಿ. ಹೊರಗೆ ಇಡೀ ದಿನ ಇದ್ದದ್ದನ್ನು ಕಾಯಿಸಿ ಸರಿಮಾಡಲು ಹೋಗುವುದೂ ಬೇಡ.

ಬ್ರೆಡ್ಡನ್ನು ತವಾದ ಮೇಲೆ ಮೊದಲು ಒಂದು ಬದಿ ಗರಿಯಾಗಿಸಿ, ಆ ಗರಿಯಾದ ಬದಿಗೇ ಈರುಳ್ಳಿ ಹಚ್ಚಿ. ಹಾಗೆ ಮಾಡಿದರೆ ಬ್ರೆಡ್ ಮೆತ್ತಗಾಗುವುದಿಲ್ಲ. ಮೇಲೆ ತುರಿದ ಚೀಸ್ ಹಾಕಿ, ಮುಚ್ಚಳ ಮುಚ್ಚಿ ಸಣ್ಣ ಉರಿಯಲ್ಲಿ ಎರಡು ಮೂರು ನಿಮಿಷ. ಚೀಸ್ ಬೆಂಕಿಗೆ ಹಿಡಿದಾಗ ಕರಗದೆ ಕಪ್ಪಾದರೆ ಅದು ಪ್ಲಾಸ್ಟಿಕ್ ಎನ್ನುವ ವಿಡಿಯೊ ನೋಡಿ ಗಾಬರಿಯಾಗಬೇಡಿ. ಸಂಸ್ಕರಿಸಿದ ಚೀಸ್ ಬೇರ್ಪಡದಂತೆ ಅದಕ್ಕೆ ಕೆಲವು ಲವಣ ಸೇರಿಸಿರುತ್ತಾರೆ, ನೇರ ಬೆಂಕಿಗೆ ಅದು ಸುಡುತ್ತದೆ ಅಷ್ಟೆ. ಬ್ರೆಡ್ ಬದಲು ಕಟಕ್ ರೊಟ್ಟಿಯ ಚೂರಿನ ಮೇಲೂ ಇದು ಚೆನ್ನಾಗಿ ಕೂರುತ್ತದೆ, ಆದರೆ ಬಾಯಿಗೆ ಹಾಕುವ ಹೊತ್ತಿಗೇ ಹಚ್ಚಬೇಕು. ಕೊನೆಗೆ ಒಂದಿಷ್ಟು ಬ್ಯಾಡಗಿ ಮೆಣಸಿನಕಾಯಿ ಪುಡಿ ಉದುರಿಸಿದರೆ ಸಿಹಿ ಅತಿಯಾಗುವುದಿಲ್ಲ.