ಅರ್ಕಾವತ್ತು ಬಿಡಿಸುವವರು ಯಾರು?

ಕನ್ನಡ ಒಡೆದು ಕಂಡರೆ ಜನ ಮೊದಲು ಬೈಯುವುದು ಫಾಂಟನ್ನು. ಪುಣೆಯ ಅಪ್ಪಾ ಬಳವಂತ ಚೌಕದ ಬಳಿ ಕನ್ನಡ, ಮರಾಠಿ ಆಮಂತ್ರಣ ಪತ್ರಿಕೆಗಳ ಡಿಟಿಪಿ ಮಾಡುವ ನನ್ನ ಬಳಿ ಬರುವವರ ದೂರೂ ಅದೇ. ಮಗಳ ಸನ್ಮಾನದ ಕಾರ್ಡ್ ಮಾಡಿಸಲು ಬಂದ ಗದಗದ ಕಡೆಯವರೊಬ್ಬರು, "ಅಕ್ಕಾರ, ಮನ್ಯಾಗ ಛಲೋ ಕಾಣತಿತ್ರಿ, ಇಲ್ಲಿ ರ‍್ಯಾಂಕ್ ಅನ್ನೋದು ಯಾಕ ಹಿಂಗಾತು?" ಎಂದರು. ಫೈಲು ಅದೇ, ಫಾಂಟೂ ಅದೇ. ಬೇರೆಯಾಗಿದ್ದದ್ದು ಅಕ್ಷರ ಬಿಡಿಸುವ ಲೈಬ್ರರಿ, ಅಂದರೆ ತಂತ್ರಾಂಶಗಳು ಕರೆದು ಬಳಸಿಕೊಳ್ಳುವ ಸಿದ್ಧ ಕೋಡು.

ಕಂಪ್ಯೂಟರಿನ ಮಟ್ಟಿಗೆ 'ಕರ್ನಾಟಕ' ಎಂದರೆ ಸಾಲಾಗಿ ನಿಂತ 7 ಸಂಕೇತಗಳು: ಕ, ರ, ಹಲಂತ, ನ, ದೀರ್ಘ, ಟ, ಕ. ರಕಾರ ನಕಾರಕ್ಕಿಂತ ಮೊದಲೇ ಇದೆ. ಆದರೆ ಕಣ್ಣಿಗೆ ಅದು 'ನಾ' ಆದಮೇಲೆ ಅರ್ಕಾವತ್ತಾಗಿ ಕಾಣಬೇಕು. ಈ ಅದಲುಬದಲನ್ನು ಮಾಡುವುದು ಹಾರ್ಫ್‌ಬಜ್ ಎಂಬ ಲೈಬ್ರರಿ. ಯಾವ ಆಕಾರ, ಯಾವ ಜಾಗ ಎಂದು ಅದು ತೀರ್ಮಾನಿಸಿದ ಮೇಲೆ ಫ್ರೀಟೈಪ್ ಆ ಆಕಾರದ ಗೆರೆಗಳನ್ನು ಚುಕ್ಕಿಗಳಾಗಿಸುತ್ತದೆ, ಕೈರೊದಂಥ ಇನ್ನೊಂದು ಅವನ್ನು ಪರದೆಗೆ ಬಳಿಯುತ್ತದೆ. 'ರ‍್ಯಾಂಕ್' ಇನ್ನೂ ನಾಜೂಕು. ರ, ಹಲಂತ, ಯ ಎಂದಷ್ಟೇ ಒತ್ತಿದರೆ 'ಸೂರ್ಯ'ದ ಹಾಗೆ ಅರ್ಕಾವತ್ತು ಬಂದುಬಿಡುತ್ತದೆ. ರಕಾರ ಮುಂದೆಯೇ ನಿಲ್ಲಬೇಕಾದರೆ ರ ಮತ್ತು ಹಲಂತದ ನಡುವೆ ಕಣ್ಣಿಗೆ ಕಾಣದ ಒಂದು ಜೋಡಕ ಸಂಕೇತ ಬೇಕು. ಹಳೆಯ ಲೈಬ್ರರಿಗಳು ಎಡವುತ್ತಿದ್ದದ್ದು ಇಂಥಲ್ಲೇ.

ಈ ಲೈಬ್ರರಿಗಳು ಒಂದೊಂದು ತಂತ್ರಾಂಶದ ಸ್ವಂತ ಸೊತ್ತಲ್ಲ. ಪೇಶ್ವೆಯರ ಪುಣೆಯಲ್ಲಿ ಕಾತ್ರಜ್ ಕೆರೆಯ ನೀರು ನೆಲದಡಿಯ ಕಾಲುವೆಯಲ್ಲಿ ಬಂದು ಪೇಟೆಯ ಹೌದಗಳಿಗೆ, ಅಂದರೆ ನೀರಿನ ತೊಟ್ಟಿಗಳಿಗೆ, ಬೀಳುತ್ತಿತ್ತು. ಮನೆಗೊಂದು ಬಾವಿ ತೋಡಬೇಕಿರಲಿಲ್ಲ, ಆದರೆ ಕಾಲುವೆ ಕಟ್ಟಿಕೊಂಡರೆ ಎಲ್ಲರ ಕೊಡವೂ ಖಾಲಿ. ಲೈಬ್ರರಿಯೂ ಹಾಗೆಯೇ, ಒಂದನ್ನೇ ಹಲವು ತಂತ್ರಾಂಶಗಳು ಹಂಚಿಕೊಳ್ಳುತ್ತವೆ. ವಿಂಡೋಸಿನಲ್ಲಿ ಡಿಎಲ್‌ಎಲ್ ಎಂದೂ ಲಿನಕ್ಸಿನಲ್ಲಿ ಎಸ್‌ಒ ಎಂದೂ ಹೆಸರು ಕೊನೆಯಾಗುವ ಕಡತಗಳು ಇವೇ.

ಹಂಚಿಕೊಳ್ಳಲೆಂದು ಮಾಡಿದ್ದನ್ನೂ ಕೆಲವರು ಪ್ರತ್ಯೇಕ ಇಟ್ಟುಕೊಳ್ಳುತ್ತಿದ್ದರು. ಅಕ್ಷರ ಜೋಡಿಸಲು ವಿಂಡೋಸಿಗೆ ತನ್ನದೇ ಯುಎಸ್‌ಪಿ10 ಡಿಎಲ್‌ಎಲ್ ಇತ್ತು. ಎಂಎಸ್ ಆಫೀಸ್ ತನ್ನ ಫೋಲ್ಡರಿನಲ್ಲಿ ಬೇರೊಂದು ಪ್ರತಿ ಇಟ್ಟುಕೊಂಡು ಬರುತ್ತಿತ್ತು. ಹೀಗಾಗಿ ಒಂದೇ ಮಷೀನಿನಲ್ಲಿ ವರ್ಡಿನ ಕನ್ನಡ ಒಂದು ಬಗೆ, ನೋಟ್‌ಪ್ಯಾಡಿನ ಕನ್ನಡ ಇನ್ನೊಂದು ಬಗೆ ಆಗಬಹುದಿತ್ತು. ಲಿಬ್ರೆ ಆಫೀಸ್ 2017ರ 5.3 ಆವೃತ್ತಿಯಿಂದ ಎಲ್ಲ ಕಡೆಯೂ ಹಾರ್ಫ್‌ಬಜ್‌ಗೇ ಬಂತು. ಫೈರ್‌ಫಾಕ್ಸ್, ಕ್ರೋಮ್, ಆಂಡ್ರಾಯ್ಡ್ ಎಲ್ಲವೂ ಇಂದು ಅದನ್ನೇ ಬಳಸುತ್ತವೆ.

ಈ ಕಥೆಯಲ್ಲಿ ನಮ್ಮೂರಿನ ಪಾಲೂ ಇದೆ. 1988ರಲ್ಲಿ ಇಲ್ಲಿ ಶುರುವಾದ ಸರ್ಕಾರಿ ಕಂಪ್ಯೂಟರ್ ಸಂಸ್ಥೆ ಸಿ-ಡ್ಯಾಕ್‌ನ ಜಿಸ್ಟ್ ಕಾರ್ಡ್ ಕಾಲದಲ್ಲಿ ಭಾರತೀಯ ಅಕ್ಷರ ಮೂಡಿಸಲು ಕಂಪ್ಯೂಟರಿಗೆ ಬೇರೆ ಹಾರ್ಡ್‌ವೇರೇ ಹಾಕಬೇಕಿತ್ತು. ಡಿಟಿಪಿಯವರು ಬಳಸುವ ಶ್ರೀಲಿಪಿ ತಂತ್ರಾಂಶವೂ ಪುಣೆಯದೇ. ಕನ್ನಡವೂ ಸೇರಿದ ಲೋಹಿತ್ ಫಾಂಟುಗಳನ್ನು ಬಹಳ ವರ್ಷ ಸಲಹಿದವರು ಲಿನಕ್ಸ್ ಕಂಪನಿ ರೆಡ್ ಹ್ಯಾಟ್‌ನ ಪುಣೆ ಕಚೇರಿಯ ಎಂಜಿನಿಯರುಗಳು. ಆದರೆ ಫಾಂಟಿನವರು ಎಷ್ಟೇ ಒತ್ತಕ್ಷರ ಬರೆದಿಟ್ಟರೂ ಲೈಬ್ರರಿ ಕರೆಯದಿದ್ದರೆ ಅವು ಪರದೆಗೆ ಬರುವುದಿಲ್ಲ. ಬೈಗುಳ ಮಾತ್ರ ಫಾಂಟಿಗೇ!

ನೀವು ಕನ್ನಡದಲ್ಲಿ ಕೆಲಸ ಮಾಡುವವರಾದರೆ ಎರಡು ಮಾತು. 'ಡಿಎಲ್‌ಎಲ್ ಕಾಣೆಯಾಗಿದೆ' ಎಂದು ಪರದೆ ಹೇಳಿದರೆ ಗುರುತಿಲ್ಲದ ಕಡೆಯಿಂದ ಆ ಕಡತ ಇಳಿಸಿಕೊಳ್ಳಬೇಡಿ. ಅದರೊಳಗೆ ವೈರಸ್ ಇದ್ದರೂ ತಿಳಿಯದು. ತಂತ್ರಾಂಶವನ್ನೇ ಅಧಿಕೃತ ಪ್ರತಿಯಿಂದ ಮತ್ತೆ ಹಾಕಿ. ಅಕ್ಷರ ಒಡೆದರೆ ಅದೇ ಪದವನ್ನು, ಅದೇ ಫಾಂಟಿನಲ್ಲಿ, ಇನ್ನೊಂದು ತಂತ್ರಾಂಶದಲ್ಲಿ ತೆರೆದು ನೋಡಿ. ಅಲ್ಲಿ ಸರಿ ಕಂಡರೆ ಫಾಂಟನ್ನು ಬೈಯುವುದು ಬಿಡಿ. ಒಡೆದು ತೋರಿಸಿದ ತಂತ್ರಾಂಶದವರಿಗೆ ಪದ ಮತ್ತು ಪರದೆಯ ಚಿತ್ರ ಎರಡನ್ನೂ ಕಳಿಸಿ.