ಊರ ಮಾತಿಗೆ ಐದಕ್ಕೈದು

ಕಪನೂರಿನ ನಮ್ಮ ಮನೆಯಲ್ಲಿ ಒಂದು ಸಾಯಂಕಾಲ ದೂರದರ್ಶನದ ಮುಂದೆ ಕುಳಿತಿದ್ದ ಮೊಮ್ಮಗಳು, "ಮುತ್ಯಾ, ಇಂವಾ ನಮ್ಮಂಗ ಮಾತಾಡ್ತಾನಲ್ಲ!" ಎಂದು ಹಿಗ್ಗಿದಳು. ತೆರೆಯ ಮೇಲೆ ಇದ್ದವರು ಹನುಮಂತ ಲಮಾಣಿಯವರು.

ಇವರು ಹಾವೇರಿ ಜಿಲ್ಲೆಯ ಸವಣೂರು ತಾಲೂಕಿನ ಚಿಲ್ಲೂರು ಬಡ್ನಿಯವರು. ಕುರಿ ಕಾಯುತ್ತ ಹಾಡು ಕಲಿತವರು. ಜೀ ಕನ್ನಡದ 'ಸರಿಗಮಪ' ಸ್ಪರ್ಧೆಯ 15ನೆಯ ಆವೃತ್ತಿಯಲ್ಲಿ ಜನಪದ ಗೀತೆಗಳನ್ನು ಹಾಡಿ, 2019ರಲ್ಲಿ ಎರಡನೆಯ ಸ್ಥಾನವನ್ನು ಪಡೆದರು. 2025ರ ಜನವರಿಯಲ್ಲಿ ಕನ್ನಡ 'ಬಿಗ್ ಬಾಸ್'ನ 11ನೆಯ ಆವೃತ್ತಿಯಲ್ಲಿ ಜಯಶಾಲಿಗಳಾದರು. ಲುಂಗಿಯನ್ನಾಗಲಿ, ಊರ ಮಾತನ್ನಾಗಲಿ ಅವರು ಬಿಟ್ಟುಕೊಡಲಿಲ್ಲ.

ಇದಕ್ಕೆ ಸದೃಶವಾದ ಸಂಗತಿಯೊಂದು ಇಂಗ್ಲೆಂಡಿನಲ್ಲಿಯೂ ನಡೆದಿರುವದು. ಗಿಟಾರು, ಡ್ರಮ್ಮುಗಳಿಂದ ಕೂಡಿದ ತಾಳಪ್ರಧಾನವಾದ 'ಬೀಟ್' ಸಂಗೀತವು ಅಲ್ಲಿಯ ತರುಣರ ಮನಸ್ಸನ್ನು ಸೆಳೆಯುತ್ತಿದ್ದ ಕಾಲವದು. 'ಥ್ಯಾಂಕ್ ಯುವರ್ ಲಕ್ಕಿ ಸ್ಟಾರ್ಸ್' ಎಂಬ ದೂರದರ್ಶನ ಕಾರ್ಯಕ್ರಮವು ಬರ್ಮಿಂಗ್‌ಹ್ಯಾಮಿನಲ್ಲಿ ಸಿದ್ಧವಾಗುತ್ತಿತ್ತು. 1963ರ ಜನವರಿಯಲ್ಲಿ ಬೀಟಲ್ಸರೂ ಅದರಲ್ಲಿ ಕಾಣಿಸಿಕೊಂಡರು. ಹೊಸ ಧ್ವನಿಮುದ್ರಿಕೆಗಳನ್ನು ಕೇಳಿ ಐದರೊಳಗೆ ಅಂಕ ಕೊಡಲು ಅಲ್ಲಿಗೆ ಎಳೆಯರನ್ನು ಕರೆಯುತ್ತಿದ್ದರು. 1962ರಲ್ಲಿ ಹಾಗೆ ಬಂದವಳು ಜಾನಿಸ್ ನಿಕೋಲ್ಸ್ ಎಂಬ ಹದಿಹರೆಯದ ಹುಡುಗಿ. ಅವಳು ಗಾಯಕಿಯಲ್ಲ, ರಾಜಧಾನಿಯ ನುಡಿಯನ್ನೂ ಅರಿತವಳಲ್ಲ. ತನ್ನ ಸೀಮೆಯ ಉಚ್ಚಾರದಂತೆ 'ಫೈವ್' ಎಂಬುದನ್ನು 'ಫೋಯ್ವ್' ಎಂದಳು. ಆ ಒಂದು ಮಾತೇ ದೇಶದ ತುಂಬ ಹಬ್ಬಿತು. ಮರುವರ್ಷ ಅದನ್ನೇ ಹಿಡಿದು ಅವಳಿಂದ ಒಂದು ಹಾಡನ್ನು ಮುದ್ರಿಸಿದರು.

ಹೀಗಿರಲು, ನಮ್ಮದೊಂದು ತಪ್ಪನ್ನು ವಾಚಕರ ಮುಂದೆ ಒಪ್ಪಿಕೊಳ್ಳಬೇಕಾಗಿದೆ. ಹಿಂದೆ ತರಗತಿಯಲ್ಲಿ ಹುಡುಗನೊಬ್ಬನು "ಅಪ್ಪ ಹೊಲಕ್ಕ ಹೋಗ್ಯಾನ್ರಿ" ಎಂದನು. ನಾವು ಅವನನ್ನು ನಿಲ್ಲಿಸಿ, "ಹೋಗಿದ್ದಾರೆ" ಎಂದು ಹತ್ತು ಸಲ ಹೇಳಿಸಿದೆವು. ಉಳಿದವರು ನಕ್ಕರು. ಆ ವರ್ಷವೆಲ್ಲ ಅವನು ತಾನಾಗಿ ಬಾಯಿ ತೆರೆಯಲಿಲ್ಲ. ಅದೇ ವರ್ಷ ನಾವು ಶಾಕುಂತಲವನ್ನು ಪಾಠ ಹೇಳಿದ್ದೆವು. ಅದರಲ್ಲಿ ದುಷ್ಯಂತನು ಸಂಸ್ಕೃತವನ್ನಾಡಿದರೆ ಶಕುಂತಲೆಯು ಪ್ರಾಕೃತವನ್ನಾಡುವಳು. ಅದರಿಂದ ಅವಳ ಮಾನಕ್ಕೆ ಕುಂದು ಬಂದಿತೆಂದು ಯಾವ ಸಹೃದಯನೂ ಹೇಳಲಿಲ್ಲ. ಕಾಳಿದಾಸನಿಗೆ ತಿಳಿದಿದ್ದುದು ಅವನನ್ನು ಬೋಧಿಸುತ್ತಿದ್ದ ನಮಗೆ ತಿಳಿಯದೆ ಹೋಯಿತು.

ಗ್ರಂಥಭಾಷೆಯು ಬೇಡವೆಂದು ನಾವು ಹೇಳುವದಿಲ್ಲ. ಪರೀಕ್ಷೆಗೂ ಪತ್ರವ್ಯವಹಾರಕ್ಕೂ ಅದು ಬೇಕೇ ಬೇಕು. ಅದನ್ನು ಶ್ರದ್ಧೆಯಿಂದ ಕಲಿಸತಕ್ಕದ್ದು. ಆದರೆ ಅತಿಥಿಗಳ ಎದುರಿಗೆ ಮಗುವು ಮನೆಯ ಮಾತನ್ನಾಡಿದರೆ ಕಣ್ಣು ಕೆಂಪಗೆ ಮಾಡುವದು ಸಲ್ಲದು.

ಆ ಸಂಜೆ ಮೊಮ್ಮಗಳು, "ಹೌದಿಲ್ಲೋ ಮುತ್ಯಾ?" ಎಂದು ಮತ್ತೆ ಕೇಳಿದಳು. "ಹೌದವ್ವಾ, ನಮ್ಮಂಗೇ ಮಾತಾಡ್ತಾನ" ಎಂದು ನಾವೂ ಅವಳ ಮಾತಿನಲ್ಲಿಯೇ ಉತ್ತರಿಸಿದೆವು.