ಗಮನಿಸಿದ್ದೋ, ಗದರಿದ್ದೋ? – ‘ಆನಿಮ್ಯಾಡ್ವರ್ಷನ್’ ಎಂಬ ಹಳೇ ಮಾತಿನ ಕಥೆ

ನಾಗಪುರದಿಂದ ಮಾತಾಡ್ತಾ ಇದ್ದೇನೆ. ವಿಡಿಯೋ ನೋಡೋಕೆ ಪುರುಸೊತ್ತಿಲ್ಲದವರಿಗೆ ಎಂದಿನಂತೆ ಈ ಬರಹರೂಪ. ಆಡಿದ ಮಾತನ್ನೇ ಸ್ವಲ್ಪ ಒಪ್ಪ ಮಾಡಿ ಇಲ್ಲಿಟ್ಟಿದ್ದೇನೆ.

ಇವತ್ತು ಒಂದೇ ಒಂದು ಇಂಗ್ಲಿಷ್ ಪದ: ಆನಿಮ್ಯಾಡ್ವರ್ಷನ್. ಕೇಳಿದರೆ ಆನಿಮೇಷನ್‌ಗೂ ಅಡ್ವರ್ಟೈಸ್‌ಮೆಂಟಿಗೂ ಮದುವೆ ಮಾಡಿಸಿದ ಹಾಗಿದೆ ಅಲ್ವಾ? ತಮಾಷೆ ಅಂದರೆ, ಆ ನೆಂಟಸ್ತಿಕೆ ನಿಜವೇ. ಲ್ಯಾಟಿನ್ನಿನಲ್ಲಿ ‘ಆನಿಮಸ್’ ಅಂದರೆ ಮನಸ್ಸು, ‘ಅಡ್’ ಅಂದರೆ ಕಡೆಗೆ, ‘ವರ್ಟೆರೆ’ ಅಂದರೆ ತಿರುಗಿಸು. ಮನಸ್ಸನ್ನು ಒಂದರ ಕಡೆ ತಿರುಗಿಸುವುದು, ಅಷ್ಟೇ. ಜಾಹೀರಾತು ಮಾಡುವುದೂ ಅದನ್ನೇ, ನಮ್ಮ ಮನಸ್ಸನ್ನು ಸೋಪಿನ ಕಡೆ ತಿರುಗಿಸುತ್ತದೆ. ನಾವು ದಿನಾ ರಿಲೀಸ್ ಮಾಡುವ ‘ವರ್ಷನ್’ ಕೂಡ ಅದೇ ವರ್ಟೆರೆಯ ಮೊಮ್ಮಗ.

ಹಾಗಾಗಿ ಈ ಪದದ ಮೊದಲ ಅರ್ಥ ತೀರಾ ಸಾಧು: ಗಮನಿಸುವುದು, ಕಂಡುಕೊಳ್ಳುವುದು, ಅಬ್ಸರ್ವೇಷನ್. ಆ ಅರ್ಥ ಇವತ್ತು ಸತ್ತುಹೋಗಿದೆ. ಡಿಕ್ಷನರಿ ತೆಗೆದರೆ ಅದರ ಮುಂದೆ ‘ಬಳಕೆಯಲ್ಲಿಲ್ಲ’ ಅನ್ನೋ ಗುರುತು ಇರುತ್ತೆ. ಬದುಕಿ ಉಳಿದಿರುವ ಅರ್ಥ ಬೇರೆ: ಖಂಡನೆ, ಕಟು ಟೀಕೆ. ಐಟಿ ಭಾಷೆಯಲ್ಲಿ ಹೇಳೋದಾದರೆ, ಇನ್ಫೋ ಲೆವೆಲ್‌ನಲ್ಲಿ ಹುಟ್ಟಿದ ಲಾಗ್ ಲೈನು ಎರರ್ ಲೆವೆಲ್‌ಗೆ ಹೋಗಿ ನಿಂತಿದೆ. ನೋಡಿದ್ದು ಬೈದದ್ದು ಆಗೋದು ಹೇಗೆ? ಇವತ್ತಿನ ಪ್ರಶ್ನೆ ಇದೇ.

ಮನಸ್ಸು ಹೊರಡುವ ದಾರಿಗಳು

ನಾಗಪುರ ಸ್ಟೇಷನ್ನಿನಲ್ಲಿ ನಿಂತು ಅನೌನ್ಸ್‌ಮೆಂಟ್ ಕೇಳಿ. ಮರಾಠಿಯಲ್ಲಿ ‘ಕೃಪಯಾ ಲಕ್ಷ ದ್ಯಾ’. ಹಿಂದಿಯಲ್ಲಿ ‘ಕೃಪಯಾ ಧ್ಯಾನ್ ದೇಂ’. ಇಂಗ್ಲಿಷಿನಲ್ಲಿ ‘ಅಟೆನ್ಷನ್ ಪ್ಲೀಸ್’. ಸಂಘಮಿತ್ರ ಎಕ್ಸ್‌ಪ್ರೆಸ್ ಹತ್ತಿ ಬೆಂಗಳೂರಿನಲ್ಲಿ ಇಳಿದರೆ ‘ದಯವಿಟ್ಟು ಗಮನಿಸಿ’. ನಾಲ್ಕೂ ಹೇಳೋದು ಒಂದೇ ಮಾತು, ಆದರೆ ಒಳಗಿನ ಚಿತ್ರ ಬೇರೆ ಬೇರೆ. ಲಕ್ಷ ಅಂದರೆ ಗುರಿ. ಧ್ಯಾನ ಅಂದರೆ ನಿಮಗೆ ಗೊತ್ತೇ ಇದೆ. ಅಟೆನ್ಷನ್ ಅಂದರೆ ಒಂದರ ಕಡೆಗೆ ಚಾಚುವುದು. ಗಮನ ಅಂದರೆ ಮೂಲದಲ್ಲಿ ಹೋಗುವುದು. ನಿರ್ಗಮನ, ಆಗಮನದಲ್ಲಿ ಇವತ್ತಿಗೂ ಅದೇ ಅರ್ಥ ಇದೆ. ಕನ್ನಡದಲ್ಲಿ ಮಾತ್ರ ಕಾಲು ನಡೆಯುವ ಬದಲು ಮನಸ್ಸು ನಡೆಯಿತು. ಅದಕ್ಕೇ ಇಲ್ಲಿ ಮರಾಠಿಯವರ ಹತ್ತಿರ ‘ಗಮನ್ ದ್ಯಾ’ ಅಂದರೆ ಅವರು ಪಿಳಿಪಿಳಿ ನೋಡ್ತಾರೆ. ಹುಬ್ಬಳ್ಳಿ, ಬೆಳಗಾವಿ ಕಡೆಯವರಿಗೆ ಈ ತೊಂದರೆ ಇಲ್ಲ. ಅವರ ಬಾಯಲ್ಲಿ ‘ಲಕ್ಷ್ಯ ಕೊಟ್ಟು ಕೇಳು’ ಮೊದಲೇ ಇದೆ.

ಹಳಗನ್ನಡ, ನಡುಗನ್ನಡದಲ್ಲಿ ಇನ್ನೊಂದು ಸೊಗಸಾದ ಕ್ರಿಯಾಪದ ಇತ್ತು: ಚಿತ್ತೈಸು. ಚಿತ್ತವನ್ನು ಇತ್ತ ಕೊಡು, ಮನಸ್ಸಿಟ್ಟು ಕೇಳು ಅಂತ. ನಾಟಕಗಳಲ್ಲಿ ಮಂತ್ರಿ ರಾಜನಿಗೆ ‘ಪ್ರಭುಗಳು ಚಿತ್ತೈಸಬೇಕು’ ಅನ್ನೋದು ನೆನಪಿರಬೇಕು. ಲ್ಯಾಟಿನ್ ಪದವನ್ನು ಅಕ್ಷರಶಃ ಕನ್ನಡಕ್ಕೆ ತಂದರೆ ಚಿತ್ತೈಸು ಅಂತಲೇ ಆಗುತ್ತೆ. ಇಬ್ಬರೂ ಒಂದೇ ಜಾಗದಿಂದ ಹೊರಟವರು, ಆದರೆ ಸೇರಿದ ಊರು ಬೇರೆ. ಚಿತ್ತೈಸು ಮೇಲಕ್ಕೆ ಹೋಗಿ ವಿನಯದ ಮಾತಾಯ್ತು. ಆನಿಮ್ಯಾಡ್ವರ್ಷನ್ ಕೆಳಕ್ಕೆ ಇಳಿದು ಬೈಗುಳ ಆಯ್ತು.

ಇನ್ನೊಂದು ಜೋಡಿ. ಮರಾಠಿಯವರು ‘ತುಝಂ ನಿರೀಕ್ಷಣ್ ಚಾಂಗಲಂ ಆಹೇ’ ಅಂದರೆ ನಿನ್ನ ಅಬ್ಸರ್ವೇಷನ್ ಚೆನ್ನಾಗಿದೆ ಅಂತ ಅರ್ಥ. ಕನ್ನಡದ ಕಿವಿಗೆ ಅದು ‘ನಿರೀಕ್ಷೆ’ ಅನ್ನಿಸಿ, ಏನೋ ಎಕ್ಸ್‌ಪೆಕ್ಟೇಷನ್ ಬಗ್ಗೆ ಹೇಳ್ತಿದಾರೆ ಅನ್ಸುತ್ತೆ. ಸಂಸ್ಕೃತದ ‘ಈಕ್ಷ್’ ಅಂದರೆ ನೋಡು. ಪರೀಕ್ಷೆ, ಸಮೀಕ್ಷೆ, ಉಪೇಕ್ಷೆ, ಅಪೇಕ್ಷೆ, ಪ್ರತೀಕ್ಷೆ ಎಲ್ಲವೂ ಅದೇ ನೋಟದ ಮಕ್ಕಳು. ಮರಾಠಿ ನಿರೀಕ್ಷಣೆಯಲ್ಲಿ ‘ನೋಡುವುದ’ನ್ನು ಉಳಿಸಿಕೊಂಡಿತು. ಕನ್ನಡದಲ್ಲಿ ದಾರಿ ನೋಡ್ತಾ ನೋಡ್ತಾ ಅದು ಕಾಯುವುದಾಗಿ, ಕೊನೆಗೆ ಎದುರುನೋಡುವುದಾಯ್ತು. ಪೊಲೀಸ್ ನಿರೀಕ್ಷಕರಲ್ಲಿ ಮಾತ್ರ ಹಳೇ ಅರ್ಥ ಉಳಿದಿದೆ. ಅವರು ಯಾರನ್ನೂ ಕಾಯುವವರಲ್ಲ, ನೋಡುವವರು.

ನೋಟ ಯಾವಾಗ ಕೆಂಪಾಗುತ್ತೆ

ಲ್ಯಾಟಿನ್ನಿನಲ್ಲೇ ಈ ಪದ ಬಣ್ಣ ಬದಲಿಸಲು ಶುರು ಮಾಡಿತ್ತು. ರೋಮನ್ ಅಧಿಕಾರಿ ಒಬ್ಬನ ಮೇಲೆ ‘ಮನಸ್ಸು ತಿರುಗಿಸಿದ’ ಅಂದರೆ ಶಿಕ್ಷೆ ಕೊಟ್ಟ ಅಂತ. ಕೆಲವು ಸಲ ಮರಣದಂಡನೆಯೇ. ನಮಗೇನು ಇದು ವಿಚಿತ್ರ ಅನ್ನಿಸಬೇಕಿಲ್ಲ. ‘ನಿನ್ನ ನೋಡ್ಕೋತೀನಿ’ ಅಂತ ಅಮ್ಮ ಹೇಳಿದರೆ ಅಕ್ಕರೆ, ಬೀದಿಯಲ್ಲಿ ಒಬ್ಬ ತೋಳು ಏರಿಸಿ ಹೇಳಿದರೆ ಬೆದರಿಕೆ. ಹಿಂದಿಯಲ್ಲಿ ‘ದೇಖ್ ಲೂಂಗಾ’, ಮರಾಠಿಯಲ್ಲಿ ‘ಬಘೂನ್ ಘೇಯಿನ್’. ನಾಗಪುರದ ಒಂದೇ ಟ್ರಾಫಿಕ್ ಸಿಗ್ನಲ್‌ನಲ್ಲಿ ಮೂರೂ ಕೇಳಿಸಬಹುದು. ಅಧಿಕಾರ ಇರುವವನು ನೋಡಿದರೆ, ನೋಡಿಸಿಕೊಂಡವನಿಗೆ ಅದು ಬರೀ ನೋಟ ಆಗಿರಲ್ಲ.

ಇಂಗ್ಲಿಷಿನಲ್ಲಿ ಮಧ್ಯದ ಒಂದು ಮೆಟ್ಟಿಲೂ ಇತ್ತು: ಗಮನಿಸಿದ್ದನ್ನು ಬರೆದಿಡುವ ಟಿಪ್ಪಣಿ. ಆಮೇಲೆ ಟಿಪ್ಪಣಿಯೇ ಖಂಡನೆ ಆಯಿತು. ಕವಿ ಮಿಲ್ಟನ್ 1641ರಲ್ಲಿ ಬಿಷಪ್ ಒಬ್ಬರ ವಿರುದ್ಧ ಬರೆದ ಕರಪತ್ರದ ಹೆಸರಿನ ಮೊದಲ ಪದವೇ ಆನಿಮ್ಯಾಡ್ವರ್ಷನ್ಸ್. ಎದುರಾಳಿಯ ಮಾತನ್ನು ತುಣುಕು ತುಣುಕಾಗಿ ಎತ್ತಿಕೊಂಡು ಪ್ರತಿಯೊಂದಕ್ಕೂ ಉತ್ತರ ಕೊಡುವ ರೀತಿ ಅದು. ಟಿಪ್ಪಣಿಯ ರೂಪ, ಜಗಳದ ಜೀವ.

ನಮ್ಮ ‘ಟೀಕೆ’ ಸವೆಸಿದ್ದೂ ಇದೇ ಮೆಟ್ಟಿಲು. ಮಾಧ್ವ ಪರಂಪರೆಯಲ್ಲಿ ಜಯತೀರ್ಥರನ್ನು ಟೀಕಾಚಾರ್ಯರು ಅಂತಾರೆ. ಅವರೇನು ಟೀಕೆ ಮಾಡಿಕೊಂಡು ಓಡಾಡಿದವರಲ್ಲ, ಮಧ್ವಾಚಾರ್ಯರ ಗ್ರಂಥಗಳಿಗೆ ವಿವರಣೆ ಬರೆದವರು. ಇವತ್ತು ‘ಸಚಿವರ ವಿರುದ್ಧ ಟೀಕೆ’ ಅಂದರೆ ಯಾರೂ ವಿವರಣೆ ಅಂದುಕೊಳ್ಳಲ್ಲ. ಹಿಂದಿಯ ‘ಟೀಕಾ’ ಮಾತ್ರ ಲಸಿಕೆಯೂ ಹೌದು. ಅದು ಹಣೆಯ ತಿಲಕದ ಕುಲದ ಮಾತು, ಇದಕ್ಕೂ ಅದಕ್ಕೂ ಸಂಬಂಧ ಇಲ್ಲ.

ಟೀಕೆಯ ಎರಡೂ ಅರ್ಥ ಒಟ್ಟಿಗೆ ನೋಡಬೇಕಾದರೆ ನಾಗಪುರದಿಂದ ಸುಮಾರು 50 ಕಿಲೋಮೀಟರ್ ದೂರದ ರಾಮಟೇಕ್‌ಗೆ ಬನ್ನಿ. ಕಾಳಿದಾಸನ ಮೇಘದೂತದ ಯಕ್ಷ ರಾಮಗಿರಿಯಲ್ಲಿ ಕೂತಿರ್ತಾನಲ್ಲ, ಆ ರಾಮಗಿರಿ ಎಲ್ಲಿ? ಟೀಕೆ ಬರೆದ ಮಲ್ಲಿನಾಥ ಚಿತ್ರಕೂಟ ಅಂದ. ನಾಗಪುರದ ವಿದ್ವಾಂಸ ವಾ. ವಿ. ಮಿರಾಶಿ ಅದು ಚಿತ್ರಕೂಟ ಅಲ್ಲ, ರಾಮಟೇಕ್ ಅಂತ ವಾದಿಸಿದರು. ಟೀಕೆಯನ್ನೇ ಟೀಕಿಸಿದರು ಅನ್ನಿ. ಆದರೆ ಮೇಘ ಹೋಗುವ ದಾರಿ, ಬೆಟ್ಟ, ನದಿ, ಊರುಗಳನ್ನು ನೋಡಿ ಟೀಕಿಸಿದರು. ಮನಸ್ಸನ್ನು ಮೊದಲು ತಿರುಗಿಸಿ, ಆಮೇಲೆ ಮಾತು.

ಕೋರ್ಟಿನಲ್ಲಿ ಉಳಿದ ಪದ

ಆನಿಮ್ಯಾಡ್ವರ್ಷನ್ ಪೂರ್ತಿ ಮ್ಯೂಸಿಯಂ ಸೇರಿಲ್ಲ. ಇವತ್ತಿಗೂ ಅದು ಉಸಿರಾಡುತ್ತಿರುವ ಒಂದು ಜಾಗ ಭಾರತದ ನ್ಯಾಯಾಲಯಗಳು. ಇದಕ್ಕೂ ನಾಗಪುರಕ್ಕೂ ನಂಟಿದೆ. ವಕೀಲರ ಹಿಂದಿನ ಕಪಾಟಿನಲ್ಲಿ ಸಾಲಾಗಿ ನಿಂತಿರುವ ದಪ್ಪ ದಪ್ಪ ಸಂಪುಟಗಳನ್ನು ನೋಡಿರ್ತೀರಿ. ಅವುಗಳಲ್ಲಿ ಆಲ್ ಇಂಡಿಯಾ ರಿಪೋರ್ಟರ್, ಅಂದರೆ ಎಐಆರ್, ಪ್ರಕಟವಾಗೋದು ನಮ್ಮ ಈ ನಾಗಪುರದಿಂದ. 1914ರಿಂದ ಬರುತ್ತಿರುವ ತೀರ್ಪುಗಳ ವರದಿ ಅದು.

ಅದರ 1964ರ ಸಂಪುಟದ ಸುಪ್ರೀಂ ಕೋರ್ಟ್ ಭಾಗದ 703ನೇ ಪುಟದಲ್ಲಿ ಉತ್ತರ ಪ್ರದೇಶ ಸರ್ಕಾರ ಮತ್ತು ಮೊಹಮ್ಮದ್ ನಯೀಮ್ ಪ್ರಕರಣ ಇದೆ. ಅಲಹಾಬಾದ್ ಹೈಕೋರ್ಟಿನ ನ್ಯಾಯಮೂರ್ತಿ ಆನಂದ ನಾರಾಯಣ ಮುಲ್ಲಾ ಒಬ್ಬ ಪೊಲೀಸ್ ಅಧಿಕಾರಿಯ ಕೇಸು ನೋಡುತ್ತಾ ಇಡೀ ಪೊಲೀಸ್ ಪಡೆಯ ಬಗ್ಗೆ ಬಹಳ ಕಟುವಾದ ಮಾತು ಬರೆದಿದ್ದರು. ಮುಲ್ಲಾ ಉರ್ದು ಕವಿ ಕೂಡ, ಮಾತಿಗೆ ಮೊನೆ ಇತ್ತು. ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 1963ರಲ್ಲಿ ಆ ಮಾತುಗಳನ್ನು ತೆಗೆದುಹಾಕಲಾಯಿತು. ಜೊತೆಗೆ, ತೀರ್ಪಿನಲ್ಲಿ ಒಬ್ಬರ ಬಗ್ಗೆ ಕಟು ಮಾತು ಬರೆಯುವ ಮೊದಲು ಕೇಳಿಕೊಳ್ಳಬೇಕಾದ ಮೂರು ಪ್ರಶ್ನೆಗಳನ್ನೂ ನ್ಯಾಯಾಲಯ ಹೇಳಿತು. ನನ್ನ ಮಾತಿನಲ್ಲಿ ಹೇಳ್ತೀನಿ:

ಒಂದು, ಆ ವ್ಯಕ್ತಿಗೆ ತನ್ನ ಸಮಜಾಯಿಷಿ ಹೇಳುವ ಅವಕಾಶ ಸಿಕ್ಕಿತ್ತಾ?

ಎರಡು, ಆ ಮಾತಿಗೆ ಆಧಾರ ದಾಖಲೆಯಲ್ಲಿ ಇದೆಯಾ?

ಮೂರು, ಪ್ರಕರಣ ತೀರ್ಮಾನ ಮಾಡೋಕೆ ಆ ಮಾತು ಆಡಲೇಬೇಕಿತ್ತಾ?

ಈ ಮೂರನೇ ಪ್ರಶ್ನೆಯಲ್ಲಿ ನ್ಯಾಯಾಲಯ ಬಳಸಿದ ಕ್ರಿಯಾಪದವೇ ‘ಆನಿಮ್ಯಾಡ್ವರ್ಟ್’. ಆಮೇಲೆ ಬಂದ ಎಷ್ಟೋ ತೀರ್ಪುಗಳು ಇದೇ ಮೂರು ಪ್ರಶ್ನೆಗಳನ್ನು ಮತ್ತೆ ಮತ್ತೆ ಎತ್ತಿ ಹೇಳಿರೋದರಿಂದ ಪದವೂ ಬದುಕಿಕೊಂಡಿದೆ.

ನಮ್ಮ ಆಫೀಸಿನ ಅಬ್ಸರ್ವೇಷನ್

ಇದೆಲ್ಲ ನಮಗ್ಯಾಕೆ ಅಂದರೆ, ‘ಅಬ್ಸರ್ವೇಷನ್’ ಅನ್ನೋ ಪದ ಈಗ ನಮ್ಮ ಕಣ್ಣೆದುರೇ ಅದೇ ದಾರಿ ಹಿಡಿದಿದೆ. ಆಡಿಟ್‌ನಲ್ಲಿ ‘ಎರಡು ಅಬ್ಸರ್ವೇಷನ್ ಬಂದಿದೆ’ ಅಂದರೆ ಆಡಿಟರ್ ಎರಡು ಒಳ್ಳೇ ವಿಷಯ ಗಮನಿಸಿದರು ಅಂತ ಯಾರಾದರೂ ಅಂದ್ಕೋತೀರಾ? ‘ಷರಾ’ ಕೂಡ ಹಾಗೇ. ಅರಬ್ಬಿಯ ‘ಶರ್ಹ್’ ಅಂದರೆ ವಿವರಣೆ. ಮರಾಠಿಯಲ್ಲಿ ಅದು ‘ಶೇರಾ’. ಕಡತದ ಮೇಲೆ ಷರಾ ಬಿತ್ತು ಅಂದರೆ ಮಾತ್ರ ಎದೆ ಧಸಕ್ ಅನ್ನುತ್ತೆ.

ನನ್ನ ಪರಿಚಯದ ಹಾವೇರಿ ಕಡೆಯ ಹುಡುಗ ಒಬ್ಬ ಇಲ್ಲೇ ಮಿಹಾನ್‌ನಲ್ಲಿ ಕೆಲಸ ಮಾಡ್ತಾನೆ. ಅವನ ಅಪ್ರೈಸಲ್‌ನಲ್ಲಿ ಒಂದು ಸಾಲು ಇತ್ತು: ಮೀಟಿಂಗ್‌ನಲ್ಲಿ ಮಾತು ಕಡಿಮೆ. ಸರಿ, ಅದು ನೋಟ, ಅದರಲ್ಲಿ ಸುಳ್ಳಿಲ್ಲ. ಆದರೆ ಪಕ್ಕದ ಕಾಲಮ್ಮಿಗೆ ಹೋಗುವಷ್ಟರಲ್ಲಿ ಅದು ‘ಕಮ್ಯುನಿಕೇಷನ್ ವೀಕ್’ ಆಗಿತ್ತು, ಕೆಳಗಿನ ಸಾಲಿನಲ್ಲಿ ರೇಟಿಂಗ್ ಆಗಿತ್ತು. ನಡುವೆ ಯಾರೂ ಅವನನ್ನು ‘ಯಾಕಪ್ಪಾ’ ಅಂತ ಕೇಳಿರಲಿಲ್ಲ. ಕೇಳಿದ್ದರೆ ಗೊತ್ತಾಗುತ್ತಿತ್ತು: ಮೀಟಿಂಗ್ ಇಂಗ್ಲಿಷಿನಲ್ಲಿ ಶುರುವಾಗಿ ಹತ್ತು ನಿಮಿಷಕ್ಕೆ ಹಿಂದಿಗೆ ಜಾರುತ್ತೆ, ನಗು ಬಂದಾಗ ಮರಾಠಿಗೆ ಹೋಗುತ್ತೆ. ಇವನಿಗೆ ಎರಡೂ ಅರ್ಥ ಆಗುತ್ತೆ, ಆದರೆ ಉತ್ತರ ಕಟ್ಟುವಷ್ಟರಲ್ಲಿ ಮಾತು ಮುಂದೆ ಹೋಗಿರುತ್ತೆ. ಚಾಟ್‌ನಲ್ಲಿ, ಡಿಸೈನ್ ಡಾಕ್ಯುಮೆಂಟಿನಲ್ಲಿ ಅವನು ಬರೆದದ್ದೆಲ್ಲ ದಾಖಲೆಯಲ್ಲಿ ಇದೆ. ಅದನ್ನು ಯಾರೂ ತೆಗೆದು ನೋಡಿಲ್ಲ.

ಮೂರು ಪ್ರಶ್ನೆ ಇಟ್ಟು ನೋಡಿ. ಹೇಳುವ ಅವಕಾಶ? ಸಿಗಲಿಲ್ಲ. ಆಧಾರ? ಅರ್ಧ ಮಾತ್ರ. ಅವನ ಕೋಡ್ ಹೇಗಿದೆ ಅಂತ ತೀರ್ಮಾನಿಸೋಕೆ ಆ ಮಾತು ಬೇಕಿತ್ತಾ? ಬೇಕಿರಲಿಲ್ಲ.

ಷರಾ ಒಳ್ಳೆಯದೇ ಆಗಿದ್ದರೂ ಏಟು ಬೀಳಬಹುದು. 2008ರ ದೇವ್ ದತ್ ಪ್ರಕರಣದಲ್ಲಿ ಒಬ್ಬ ಎಂಜಿನಿಯರ್‌ಗೆ ಒಂದು ವರ್ಷ ‘ಗುಡ್’ ಅಂತ ಬರೆದಿದ್ದರು. ಪ್ರಮೋಷನ್‌ಗೆ ಬೇಕಿದ್ದದ್ದು ‘ವೆರಿ ಗುಡ್’. ಹಾಗೆ ಬರೆದಿರುವುದನ್ನು ಅವರಿಗೆ ತಿಳಿಸಿಯೂ ಇರಲಿಲ್ಲ. ಸುಪ್ರೀಂ ಕೋರ್ಟ್ ಹೇಳಿತು: ಷರಾ ಯಾವುದೇ ಇರಲಿ, ನೌಕರನಿಗೆ ತಿಳಿಸಬೇಕು. ಅದು ಸರ್ಕಾರಿ ನೌಕರಿಯ ತೀರ್ಪು, ಖಾಸಗಿ ಕಂಪನಿಗಳನ್ನು ನೇರವಾಗಿ ಕಟ್ಟಿಹಾಕಲ್ಲ. ಆದರೆ ಅದರ ಹಿಂದಿನ ನ್ಯಾಯ ಕಂಪನಿ ಗೇಟಿನ ಹೊರಗೇ ನಿಲ್ಲಬೇಕಿಲ್ಲ.

ನಮ್ಮಲ್ಲಿ ತುಂಬಾ ಜನ ಈಗ ಲೀಡ್‌ಗಳು, ಮ್ಯಾನೇಜರ್‌ಗಳು. ಷರಾ ಬರೆಸಿಕೊಳ್ಳೋರೂ ನಾವೇ, ಬರೆಯೋರೂ ನಾವೇ. ಹಾಗಾಗಿ ನನ್ನದೊಂದು ಸಣ್ಣ ಸಲಹೆ. ಬರೆಯುವಾಗ ಎರಡು ಸಾಲು ಬೇರೆ ಬೇರೆ ಬರೆಯಿರಿ. ಮೊದಲ ಸಾಲಿನಲ್ಲಿ ಕಂಡದ್ದು ಮಾತ್ರ: ಯಾವ ದಿನ, ಏನಾಯ್ತು. ಎರಡನೇ ಸಾಲಿನಲ್ಲಿ ಅದರಿಂದ ನೀವು ತಿಳ್ಕೊಂಡದ್ದು. ಎರಡರ ನಡುವೆ ಆ ಮನುಷ್ಯನನ್ನು ಒಂದು ಸಲ ಕೇಳಿ. ಬರೆಸಿಕೊಂಡವರು ನೀವಾದರೆ, ರೇಟಿಂಗ್ ಬಗ್ಗೆ ವಾದಕ್ಕೆ ಇಳಿಯುವ ಮೊದಲು ಶಾಂತವಾಗಿ ಆ ಮೊದಲ ಸಾಲು ಕೇಳಿ: ‘ನೀವು ಕಂಡದ್ದು ಏನು, ಯಾವಾಗ?’ ಬಹಳ ಕಡೆ ಎರಡನೇ ಸಾಲು ಇರುತ್ತೆ, ಮೊದಲನೇದು ಖಾಲಿ.

ಮಾತುಗಳ ಅರ್ಥ ಜಾರೋದನ್ನು ನಾವ್ಯಾರೂ ತಡೆಯೋಕಾಗಲ್ಲ. ಆನಿಮ್ಯಾಡ್ವರ್ಷನ್ ಇನ್ನು ‘ಗಮನಿಸುವುದು’ ಅನ್ನೋ ಅರ್ಥಕ್ಕೆ ವಾಪಸ್ ಬರಲ್ಲ, ಟೀಕೆಯೂ ವಿವರಣೆಗೆ ಮರಳಲ್ಲ. ಆದರೆ ಅಪ್ರೈಸಲ್ ಫಾರ್ಮಿನ ಆ ಎರಡು ಸಾಲುಗಳ ನಡುವಿನ ಜಾಗ ನಮ್ಮ ಕೈಯಲ್ಲೇ ಇದೆ. ಈ ತಿಂಗಳು ಅಂಥ ಫಾರ್ಮ್ ತುಂಬುವವರು ಇದ್ದರೆ, ಒಬ್ಬರಿಗಾದರೂ ಹೀಗೆ ಮಾಡಿ ನೋಡಿ.

ಮುಂದಿನ ಮಾತಿನಲ್ಲಿ ‘ಉಪೇಕ್ಷೆ’ ಎತ್ತಿಕೊಳ್ಳೋಣ. ನೋಡುವ ಕುಲದಲ್ಲಿ ಹುಟ್ಟಿ, ನೋಡದೇ ಇರೋದು ಅನ್ನೋ ಅರ್ಥಕ್ಕೆ ಹೋಗಿ ನಿಂತ ಪದ ಅದು.